ಒಂದೇ ದನಿ ಹಿಡಿದು ಜಪಾನೀಸ್ ಕಲಿತೆ: ನನ್ನ ಅನುಭವ

ಆನಿಮೆ ನೋಡಿ ಜಪಾನೀಸ್ ಕಲಿತರೆ ಕಾರ್ಟೂನ್ ಥರಾನೇ ಮಾತಾಡ್ತೀರಿ ಅಂತ ಬೆಂಗಳೂರಿನಲ್ಲಿ ಈ ಭಾಷೆ ಕಲಿಯುವವರೆಲ್ಲ ಒಮ್ಮೆಯಾದರೂ ಕೇಳಿರುತ್ತೀರಿ. ನನಗೆ ಇನ್ನೊಂದು ಮಾತೂ ಸೇರಿಸಿ ಹೇಳಿದರು: ಗಂಡಸಾಗಿ ಒಬ್ಬ ಹೆಂಗಸಿನ ದನಿ ಹಿಂದೆ ಬಿದ್ದರೆ ಹೆಂಗಸರ ಮಾತೇ ಬಾಯಿಗೆ ಹತ್ತುತ್ತೆ, ಕಾರ್ಖಾನೆಯಲ್ಲಿ ಯಾರೂ ನಿನ್ನನ್ನು ಮೀಟಿಂಗಿಗೆ ಕರೆಯಲ್ಲ. ಈಗ ನಾನು ನರಸಾಪುರದ ಕಡೆಯ ಕಾರ್ಖಾನೆಗಳಲ್ಲಿ ಇಂಟರ್‌ಪ್ರಿಟರ್. ಜಪಾನೀಸ್ ಪರೀಕ್ಷೆಯ ಎನ್2 ಹಂತ ಮುಗಿಸಿದೆ, ಎಲ್ಲಕ್ಕಿಂತ ಮೇಲಿನ ಎನ್1 ಕೂಡ ಮುಗಿಸಿದೆ. ಜಪಾನಿನಿಂದ ಬಂದ ಎಂಜಿನಿಯರುಗಳು ಟೋಕಿಯೋದಲ್ಲಿ ಎಷ್ಟು ವರ್ಷ ಇದ್ರಿ ಅಂತ ಕೇಳುತ್ತಾರೆ. ನಾನು ಟೋಕಿಯೋ ನೋಡಿಯೇ ಇಲ್ಲ.

ನಾನು ಹಿಡಿದ ದನಿ ಆನಿಮೆ ಪಾತ್ರಗಳಿಗೆ ದನಿ ಕೊಡುವ ಜಪಾನಿನ ಕಲಾವಿದೆ ಮೆಗುಮಿ ಹಯಾಶಿಬಾರಾ ಅವರದ್ದು.

ಅದಕ್ಕೂ ಮೊದಲು ಹೋದ ದುಡ್ಡಿನ ಲೆಕ್ಕ ಹೇಳಿಬಿಡುತ್ತೇನೆ. ವಾರಾಂತ್ಯದ ಕ್ಲಾಸಿಗೆ ಎಲ್ಲ ಹಂತ ಸೇರಿ ಐವತ್ತು ಸಾವಿರದ ಹತ್ತಿರ ಹೋಯಿತು. ವ್ಯಾಕರಣ ಬಂತು, ಕಿವಿ ಬರಲಿಲ್ಲ. ಆಮೇಲೆ ಗಂಟೆಗೆ ಸಾವಿರದಷ್ಟು ತೆಗೆದುಕೊಳ್ಳುವ ಮೇಷ್ಟ್ರೊಬ್ಬರ ಹತ್ತಿರ ಆನ್‌ಲೈನ್ ಮಾತುಕತೆ. ಅವರು ಪಾಪ ತುಂಬಾ ಒಳ್ಳೆಯವರು, ನಾನು ಏನು ಹೇಳಿದರೂ ಚೆನ್ನಾಗಿದೆ ಅನ್ನುತ್ತಿದ್ದರು. ಆ್ಯಪ್‌ಗಳ ವರ್ಷದ ಚಂದಾ ಬೇರೆ. ಒಟ್ಟು ಲಕ್ಷದ ಮೇಲೆ ನೀರಿನಲ್ಲಿ ಹೋಮ ಆಯಿತು.

ಎಲ್ಲರಂತೆ ವಾರ್ತೆಯ ಮೇಲೆ ಶ್ಯಾಡೋಯಿಂಗ್ ಮಾಡಿದೆ, ಅಂದರೆ ಕೇಳುತ್ತಲೇ ಅದರ ಹಿಂದೆಯೇ ಹೇಳುವುದು. ಬಾಯಿ ಸಲೀಸಾಯಿತು, ಆದರೆ ವಾರ್ತೆ ಓದುವವರ ಹಾಗೆ ಅಸೆಂಬ್ಲಿ ಲೈನಿನಲ್ಲಿ ನಿಂತು ಬೋಲ್ಟ್ ಸಡಿಲ ಆಗಿದೆ ಅಂತ ಹೇಳೋಕ್ಕಾಗಲ್ಲ, ಅಲ್ವಾ? ಆಮೇಲೆ ಕೈಗೆ ಸಿಕ್ಕ ಆನಿಮೆಗಳನ್ನೆಲ್ಲ ನೋಡಿದೆ. ಅದು ಇನ್ನೂ ಕೆಟ್ಟದಾಯಿತು. ಹತ್ತು ಪಾತ್ರ, ಹತ್ತು ಗಂಟಲು. ಇಬ್ಬರು ಬೇರೆ ಬೇರೆಯಾಗಿ ಕೇಳಿಸಿದರೆ ಆ ವ್ಯತ್ಯಾಸ ಮನುಷ್ಯರದ್ದೋ ಭಾಷೆಯದ್ದೋ ಅಂತ ನಮ್ಮ ಕಿವಿಗೆ ತಿಳಿಯುವುದೇ ಇಲ್ಲ.

ನನ್ನ ವಿಧಾನದ ತಿರುಳು ಇಲ್ಲಿದೆ. ಒಂದೇ ಹಿಟ್ಟಿನಲ್ಲಿ ದೋಸೆ, ಇಡ್ಲಿ, ಪಡ್ಡು ಮಾಡಿದಾಗ ರುಚಿ ಬೇರೆಯಾಗುವುದು ಪಾತ್ರೆಯಿಂದ. ಹಾಗೆಯೇ ಗಂಟಲು ಒಂದೇ ಇಟ್ಟರೆ, ಬದಲಾಗಿ ಕೇಳಿಸುವುದೆಲ್ಲ ಭಾಷೆ. ಸ್ವರದ ಏರಿಳಿತ, ಕ್ರಿಯಾಪದದ ಕೊನೆ, ಎಲ್ಲಿ ಉಸಿರು ಬಿಡುತ್ತಾರೆ ಅನ್ನುವುದು, ಎಲ್ಲವೂ ಎದ್ದು ಕಾಣುತ್ತವೆ. ಅದಕ್ಕೆ ಒಬ್ಬರೇ ಕಲಾವಿದೆ ಬೇಕು, ಆಕೆ ಎಲ್ಲ ಥರದ ಪಾತ್ರ ಮಾಡಿರಬೇಕು.

ಹಯಾಶಿಬಾರಾ ಹುಟ್ಟಿದ್ದು 1967ರ ಮಾರ್ಚ್ 30ರಂದು, ಟೋಕಿಯೋದ ಕಿತಾ ವಾರ್ಡ್‌ನಲ್ಲಿ. ಟೋಕಿಯೋ ಮಾತು ಅವರಿಗೆ ಮನೆ ಮಾತು, ಅದು ನನಗೆ ಮುಖ್ಯವಾಗಿತ್ತು. ನರ್ಸಿಂಗ್ ಓದುತ್ತಲೇ ದನಿ ಕಲಾವಿದರ ತರಬೇತಿಗೂ ಹೋದರು, ನರ್ಸ್ ಅರ್ಹತೆಯನ್ನೂ ಪಡೆದರು. ಹಗಲು ಕೆಲಸ, ರಾತ್ರಿ ಜಪಾನೀಸ್ ಅಂತ ನಾನು ಒದ್ದಾಡುವಾಗ ಎರಡು ದೋಣಿ ಮೇಲೆ ಕಾಲಿಡಬೇಡ ಅಂದವರಿಗೆ ನಾನು ಇವರ ಕಥೆ ಹೇಳುತ್ತಿದ್ದೆ. 1986ರಲ್ಲಿ ‘ಮೇಝೋನ್ ಇಕ್ಕೊಕು’ ಸರಣಿಯ ಚಿಲ್ಲರೆ ಪಾತ್ರಗಳಿಂದ ಶುರು ಮಾಡಿದರು. ಅಲ್ಲಿ ಹೊಸಬರಿಗೆ ಅರ್ಧ ಗಂಟೆಯ ಒಂದು ಕಂತಿಗೆ 15,000 ಯೆನ್ ದರ, ಒಂದು ಸಾಲು ಹೇಳಲಿ ನೂರು ಸಾಲು ಹೇಳಲಿ ಅಷ್ಟೇ. ಆ ಒಂದು ಸಾಲಿನಲ್ಲೇ ಗೆಲ್ಲಬೇಕು. ನಾನೂ ಅಭ್ಯಾಸವನ್ನು ಸಾಲಿನ ಲೆಕ್ಕಕ್ಕೆ ಇಳಿಸಿದೆ. ಕಂತುಗಟ್ಟಲೆ ನೋಡುವುದು ಬಿಟ್ಟೆ. ದಿನಕ್ಕೆ ಮೂರೋ ನಾಲ್ಕೋ ಸಾಲು, ಅಷ್ಟೇ.

ಮೊದಲು ಹಿಡಿದದ್ದು 1995ರ ‘ಎವಾಂಗೆಲಿಯನ್’ ಸರಣಿಯ ರೇ ಅಯನಾಮಿ. ಮಾತು ಕಡಿಮೆ, ದನಿ ಮೆಲ್ಲಗೆ, ಏರಿಳಿತ ತೀರಾ ಸ್ವಲ್ಪ. ರೇಗೆ ಭಾವನೆ ಇಲ್ಲ ಅಂತಲ್ಲ, ಭಾವನೆ ಅಂದರೇನೆಂದು ಅವಳಿಗೆ ಗೊತ್ತಿಲ್ಲ ಅಂತ ನಿರ್ದೇಶಕ ಹಿದೆಯಾಕಿ ಅನ್ನೋ ಆಕೆಗೆ ವಿವರಿಸಿದ್ದರಂತೆ. ಕಲಿಯುವವರಿಗೆ ಇದಕ್ಕಿಂತ ಒಳ್ಳೆಯ ದನಿ ಇಲ್ಲ. ನಟನೆಯ ಅಬ್ಬರ ಕಳೆದು, ಟೋಕಿಯೋ ಮಾತಿನ ಬರೀ ಎಲುಬು ಕೇಳಿಸುತ್ತದೆ. ಅದೇ ಸರಣಿಯಲ್ಲಿ ನಾಯಕನ ತಾಯಿ ಯುಯಿ ಕೂಡ ಇವರೇ. ಪೆನ್‌ಪೆನ್ ಎಂಬ ಪೆಂಗ್ವಿನ್ ಕೂಡ ಇವರೇ!

ನಾವು ಕನ್ನಡದವರಿಗೆ ದೀರ್ಘ, ಒತ್ತಕ್ಷರ ಯಾವುದೂ ಕಷ್ಟವಲ್ಲ. ಹಿಂದಿಯವರು ಒದ್ದಾಡುವ ಕಡೆ ನಾವು ಸಲೀಸು. ನಮ್ಮ ತೊಂದರೆ ಪದದ ಕೊನೆಯಲ್ಲಿದೆ. ಬಸ್ಸು, ಕಾರು, ಬ್ಯಾಂಕು ಅಂತ ಎಲ್ಲದಕ್ಕೂ ಸ್ವರ ಹಚ್ಚುವ ನಾಲಿಗೆ ನಮ್ಮದು. ವಾಕ್ಯದ ಕೊನೆಗೆ ಬರುವ ‘ದೆಸು’ ಅನ್ನುವಾಗ ಕೊನೆಯ ಉಕಾರವನ್ನು ತುಂಬಿ ಹೇಳುತ್ತೇವೆ. ಟೋಕಿಯೋದವರು ಅದನ್ನು ನುಂಗುತ್ತಾರೆ, ‘ದೆಸ್’ ಅಂತ ಉಸಿರು ಮಾತ್ರ ಉಳಿಯುತ್ತದೆ. ಎರಡನೆಯದು ಇನ್ನೂ ದೊಡ್ಡದು. ಮೀಟಿಂಗಿನಲ್ಲಿ ಎದುರಿನವರು ಏನೋ ವಿವರಿಸಿದಾಗ ‘ಸೋ ದೆಸ್ ಕಾ’ ಅನ್ನುತ್ತೇವೆ. ಹೌದಾ, ಸರಿ ಅನ್ನುವ ಹಾಗೆ ಹೇಳಬೇಕಾದರೆ ‘ಸೋ’ ಎತ್ತರದಲ್ಲಿ ಶುರುವಾಗಿ ‘ಕಾ’ ಕೆಳಗೆ ಇಳಿಯಬೇಕು. ಪ್ರಶ್ನೆ ಅಂದ ಕೂಡಲೇ ನಾವು ಕೊನೆಯಲ್ಲಿ ಎತ್ತುತ್ತೇವೆ. ಆಗ ಎದುರಿನ ಎಂಜಿನಿಯರಿಗೆ ನಮಗೆ ಅನುಮಾನ ಇದೆ ಅನ್ನಿಸಿ, ಅದನ್ನೇ ಮತ್ತೆ ಮೊದಲಿಂದ ವಿವರಿಸುತ್ತಾರೆ. ಎಷ್ಟೋ ಇಂಟರ್‌ಪ್ರಿಟರುಗಳ ಮೀಟಿಂಗ್ ಸುಮ್ನೆ ಉದ್ದವಾಗುವುದು ಇದರಿಂದಲೇ ಅಂತ ನನ್ನ ನಂಬಿಕೆ.

ಇದಕ್ಕೆ ದನಿಯ ಏರಿಳಿತವನ್ನು ಗೆರೆಯಾಗಿ ತೋರಿಸುವ ಪ್ರಾಟ್ ಅನ್ನುವ ಸಾಫ್ಟ್‌ವೇರ್ ಸಾಕು, ಪುಕ್ಕಟೆ. ಅವರ ದನಿಗೆ 100ರಿಂದ 500 ಹರ್ಟ್ಸ್, ನನ್ನದಕ್ಕೆ 75ರಿಂದ 300 ಇಟ್ಟು ಎರಡು ಗೆರೆಗಳನ್ನು ಒಂದರ ಕೆಳಗೊಂದು ತರುತ್ತೇನೆ. ಎತ್ತರ ಹೊಂದುವುದು ಬೇಡ, ಎಲ್ಲಿ ಬೀಳುತ್ತದೆ ಅನ್ನುವುದು ಹೊಂದಬೇಕು. ಸಾಲುಗಳನ್ನು ಯಾವ ಕ್ರಮದಲ್ಲಿ ಜೋಡಿಸುತ್ತೇನೆ ಅನ್ನುವುದು ಮಾತ್ರ ನನ್ನ ಹತ್ತಿರವೇ ಇರಲಿ. ಅದನ್ನು ಕಂಡುಕೊಳ್ಳಲು ವರ್ಷಗಳೇ ಹಿಡಿದಿವೆ.

ಹೆಂಗಸರ ಮಾತು ಬಾಯಿಗೆ ಹತ್ತುತ್ತೆ ಅಂದರಲ್ಲ, ಅದಕ್ಕೆ ನನ್ನ ಉತ್ತರ ‘ರನ್ಮ ½’. ತಣ್ಣೀರು ಬಿದ್ದರೆ ಹುಡುಗಿಯಾಗುವ ಹುಡುಗನ ಕಥೆ. ಹುಡುಗ ರನ್ಮನಿಗೆ ಕಪ್ಪೇ ಯಾಮಾಗುಚಿ ದನಿ, ಹುಡುಗಿ ರನ್ಮನಿಗೆ ಹಯಾಶಿಬಾರಾ. ಮೈ ಹುಡುಗಿಯದ್ದು, ಮಾತು ಅಪ್ಪಟ ಹುಡುಗನದ್ದು. ‘ನಾನು’ ಅನ್ನಲು ಗಂಡಸರ ‘ಒರೆ’, ಕ್ರಿಯಾಪದದ ಕೊನೆ ಒರಟು. ಇದಾದ ಮೇಲೆ ‘ಕಾನನ್’ ಎಂಬ ಪತ್ತೇದಾರಿ ಸರಣಿಯ ಐ ಹೈಬಾರಾ ಕೇಳಿ. ಚಿಕ್ಕ ಹುಡುಗಿಯ ಮೈಯಲ್ಲಿ ದೊಡ್ಡ ಹೆಂಗಸು, ಮಾತಿನ ಕೊನೆಯಲ್ಲಿ ಹೆಂಗಸರ ‘ವಾ’, ‘ಕಾಶಿರಾ’. ಒಂದೇ ಗಂಟಲಿನಲ್ಲಿ ಗಂಡು ಮಾತು ಯಾವುದು, ಹೆಣ್ಣು ಮಾತು ಯಾವುದು ಅಂತ ಇಷ್ಟು ಚೆನ್ನಾಗಿ ಬಿಡಿಸಿ ತೋರಿಸುವ ಪಠ್ಯಪುಸ್ತಕ ನಾನಂತೂ ಕಂಡಿಲ್ಲ. ಯಾವುದನ್ನು ಬಾಯಿಗೆ ತರಬೇಕು, ಯಾವುದನ್ನು ಕಿವಿಯಲ್ಲಿ ಮಾತ್ರ ಇಟ್ಟುಕೊಳ್ಳಬೇಕು ಅನ್ನುವುದು ಆಗಲೇ ಗೊತ್ತಾಗಿದ್ದು.

ರನ್ಮ ಮೊದಲು ಬಂದದ್ದು 1989ರಲ್ಲಿ. 2024ರ ಅಕ್ಟೋಬರಿನಲ್ಲಿ ಹೊಸದಾಗಿ ಮಾಡಿದಾಗ ಇಬ್ಬರು ರನ್ಮರಿಗೂ, ನಾಯಕಿ ಅಕಾನೆಗೂ ಹಳೆಯ ಕಲಾವಿದರನ್ನೇ ಕರೆದರು. ಮೂವತ್ತೈದು ವರ್ಷದ ಅಂತರದಲ್ಲಿ ಅದೇ ಕಥೆ, ಅದೇ ಬಾಯಿ! ಒಂದೇ ಸನ್ನಿವೇಶದ ಎರಡೂ ದನಿಗಳನ್ನು ಪಕ್ಕಪಕ್ಕ ಇಟ್ಟು ಕೇಳಿದೆ. ಹೊಸದರಲ್ಲಿ ದನಿ ಒಂದಿಷ್ಟು ತಗ್ಗಿದೆ ಅಂತ ನನ್ನ ಕಿವಿಗೆ ಅನ್ನಿಸಿತು, ಆದರೆ ಬೀಳಬೇಕಾದ ಕಡೆ ಬೀಳುವುದು ಒಂದು ಕೂದಲೂ ಬದಲಾಗಿಲ್ಲ. ಪರೀಕ್ಷೆಗೆ ಬೇಕಿರಲಿಲ್ಲ, ಆಸೆಗೆ ಮಾಡಿದ್ದು. ಆ ವಾರ ಬೇರೆ ಅಭ್ಯಾಸ ಏನೂ ಆಗಲಿಲ್ಲ.

ಹೀಗೆ ಅಡ್ಡದಾರಿ ಹಿಡಿದದ್ದು ಇನ್ನೂ ಇವೆ. ‘ಸ್ಲೇಯರ್ಸ್’ನ ಲೀನಾ ಹೇಳುವ ಉದ್ದನೆಯ ಮಂತ್ರಗಳನ್ನು ಒಂದೇ ಉಸಿರಿನಲ್ಲಿ ಹೇಳಲು ಕಲಿತೆ. ಆ ಹಳೆಯ ಭಾಷೆ ಕೆಲಸಕ್ಕೆ ಬಾರದು, ಉಸಿರಿಗೆ ಬಂತು. ಸತೋಶಿ ಕೋನ್ ಅವರ 2006ರ ‘ಪಾಪ್ರಿಕಾ’ ಸಿನಿಮಾದಲ್ಲಿ ಬಿಗಿ ಮಾತಿನ ಡಾಕ್ಟರ್ ಚಿಬಾ, ಚೆಲ್ಲು ಮಾತಿನ ಪಾಪ್ರಿಕಾ ಇಬ್ಬರೂ ಇವರೇ. ಇಬ್ಬರೂ ಎದುರುಬದುರು ಮಾತಾಡುವ ಕಡೆ ಚಿಬಾಳ ಸಾಲುಗಳನ್ನಷ್ಟೇ ಕತ್ತರಿಸಿಟ್ಟುಕೊಂಡೆ. ಹಲೋ ಕಿಟ್ಟಿಗೂ 1990ರಿಂದ ಇವರದ್ದೇ ದನಿ. ಅದನ್ನು ಪ್ರಾಟ್‌ಗೆ ಹಾಕಿದರೆ ಗೆರೆ ಮೇಲೆ ಓಡಿಹೋಗುತ್ತದೆ, ಪ್ರಯೋಜನ ಇಲ್ಲ.

ಕಾರ್ಖಾನೆಗೆ ಬೇಕಾದ ಮರ್ಯಾದೆಯ ಮಾತು ಎಲ್ಲಿಂದ ಬಂತು ಅಂತ ಕೇಳುತ್ತೀರಿ. ಎರಡು ಕಡೆಯಿಂದ. 1997ರಿಂದ ‘ಪೊಕೆಮಾನ್’ನಲ್ಲಿ ರಾಕೆಟ್ ಎಂಬ ಕಳ್ಳರ ತಂಡದ ಮುಸಾಶಿ ಇವರೇ. ಆ ರಾಕೆಟ್ ತಂಡ ವೇಷ ಹಾಕಿ ಅಂಗಡಿಯವರಂತೆ ನಟಿಸುವಾಗಲೆಲ್ಲ ಗಿರಾಕಿಗಳ ಹತ್ತಿರ ಆಡುವ ಮಾತು ಕಿವಿಗೆ ಬೀಳುತ್ತದೆ, ಗುಟ್ಟು ಬಯಲಾದ ಕೂಡಲೇ ಅದೇ ಬಾಯಿ ಒರಟಾಗುತ್ತದೆ. ಇನ್ನೊಂದು ಅವರ ರೇಡಿಯೋ, ‘ಟೋಕಿಯೋ ಬೂಗಿ ನೈಟ್’. 1990ರ ದಶಕದ ಆರಂಭದಿಂದ ನಡೆಸಿಕೊಂಡು ಬಂದ ಕಾರ್ಯಕ್ರಮ. ಕೇಳುಗರ ಪತ್ರ ಓದುತ್ತಾರೆ, ಮರ್ಯಾದೆಯಿಂದ ಮಾತಾಡುತ್ತಾರೆ, ಮಧ್ಯೆ ನಗುತ್ತಾರೆ, ಥಟ್ಟನೆ ಸಲಿಗೆಯ ಮಾತಿಗೆ ಇಳಿದು ಮತ್ತೆ ಮೇಲೇರುತ್ತಾರೆ. ಅಲ್ಲಿ ಪಾತ್ರವಿಲ್ಲ, ಆಕೆ ಮಾತ್ರ. ಗೌರವಕ್ಕೂ ಸಲಿಗೆಗೂ ನಡುವೆ ಓಡಾಡುವ ಈ ಕಲೆ ನಮ್ಮ ಕೆಲಸಕ್ಕೆ ಪ್ರಾಣ. ಮೀಟಿಂಗಿನಲ್ಲಿ ಪ್ಲಾಂಟ್ ಮ್ಯಾನೇಜರ್ ಜೊತೆ ಒಂದು ಥರ, ಸಂಜೆ ಕಾಫಿ ಮಷಿನ್ ಹತ್ತಿರ ಅವರ ಜೊತೆಗೇ ಇನ್ನೊಂದು ಥರ ಮಾತಾಡಬೇಕು. ರೇಡಿಯೋ ಕೇಳುವಾಗ ನಾನು ಒಂದು ಕೆಲಸ ಮಾಡುತ್ತೇನೆ, ಅದರಿಂದಲೇ ಎನ್1 ಆಲಿಸುವ ಭಾಗದಲ್ಲಿ ಪೂರ್ತಿಗೆ ಹತ್ತಿರದ ಅಂಕ ಬಂತು. ಅದನ್ನು ನನ್ನ ಬಳಿ ಕಲಿಯುವವರಿಗೆ ಮಾತ್ರ ಹೇಳಿಕೊಡುತ್ತೇನೆ.

ಈ ವಿಧಾನಕ್ಕೆ ಆದ ಖರ್ಚು ಆರು ಸಾವಿರದ ಹೆಡ್‌ಫೋನು, ಸ್ಟ್ರೀಮಿಂಗ್ ಚಂದಾ, ತರಿಸಿದ ಒಂದಿಷ್ಟು ಹಳೆಯ ಡಿವಿಡಿ. ಎಲ್ಲ ಸೇರಿ ಮೂವತ್ತು ಸಾವಿರ ದಾಟಿಲ್ಲ. ಈಗ ದಿನದ ಲೆಕ್ಕದಲ್ಲಿ ಹೋದರೆ ಎಂಟು ಸಾವಿರದ ಆಸುಪಾಸು ಸಿಗುತ್ತದೆ, ಮಷಿನ್ ಅಳವಡಿಕೆಯ ವಾರಗಳಲ್ಲಿ ಜಾಸ್ತಿ. ಮೊದಲು ಅನುಮಾನ ಪಟ್ಟ ಗೆಳೆಯರಲ್ಲಿ ಇಬ್ಬರು ಈಗ ಇದೇ ದಾರಿಯಲ್ಲಿದ್ದಾರೆ. ಒಬ್ಬರು ಹಯಾಶಿಬಾರಾ ಬೇಡ ಅಂತ ಬೇರೊಬ್ಬ ಕಲಾವಿದೆಯನ್ನು ಹಿಡಿದಿದ್ದಾರೆ. ಆಗಬಹುದು, ಆದರೆ ಆಕೆಗೆ ಕನಿಷ್ಠ ಹತ್ತು ಹದಿನೈದು ವರ್ಷದ ಕೆಲಸ ಇರಬೇಕು, ಒಂದಾದರೂ ಗಂಡು ಹುಡುಗನ ಪಾತ್ರ ಇರಬೇಕು, ಸ್ವಂತ ದನಿಯ ರೇಡಿಯೋ ಇರಲೇಬೇಕು.

ಶುರು ಮಾಡುವವರು ರೇಯಿಂದ ಶುರು ಮಾಡಿ. ರನ್ಮ ಆಮೇಲೆ, ಮುಸಾಶಿ ಅದಾದ ಮೇಲೆ, ರೇಡಿಯೋ ಕೊನೆಗೆ. ಹೈಬಾರಾಳನ್ನು ಮೊದಲೇ ಹಿಡಿಯಬೇಡಿ. ‘ಕಾನನ್’ ಸಾವಿರ ಕಂತು ದಾಟಿದೆ, ಅದರಲ್ಲಿ ಮುಳುಗಿದರೆ ಡಿಸೆಂಬರಿನ ಪರೀಕ್ಷೆ ಬಂದೇ ಬಿಡುತ್ತದೆ.