ಐದು ಗುಂಡಿ, ಒಂದು ಟಿಕ್: ಬೋರ್ಡಿನ ಮೇಲೆ ನರಕೋಶ ಕಟ್ಟಿದ ನನ್ನ ಅನುಭವ

ನರಕೋಶದಂತೆ ವರ್ತಿಸುವ ನನ್ನ ಸರ್ಕ್ಯೂಟ್ ಬೋರ್ಡಿನ ಮೇಲೆ ಐದು ಗುಂಡಿಗಳು ಸಾಲಾಗಿವೆ. ಬಲದಿಂದ ಎಡಕ್ಕೆ ಒಂದಾದ ಮೇಲೊಂದು ಒತ್ತಿದರೆ ಬಜರ್ ಒಮ್ಮೆ ಟಿಕ್ ಎನ್ನುತ್ತದೆ. ಅವೇ ಐದನ್ನು ಅಷ್ಟೇ ವೇಗದಲ್ಲಿ ಎಡದಿಂದ ಬಲಕ್ಕೆ ಒತ್ತಿದರೆ ತುಟಿ ಬಿಚ್ಚುವುದಿಲ್ಲ. ಇಷ್ಟನ್ನು ಕಣ್ಣಿಗೆ ಕಾಣಿಸಲು ನನಗೆ ಎಂಟು ತಿಂಗಳು ಹಿಡಿಯಿತು. ಕೈಯಿಂದ ಹೋದ ಹಣ, ಬಸ್ಸಿನ ಖರ್ಚು ಸೇರಿ, ನಾಲ್ಕೂವರೆ ಸಾವಿರದ ಆಸುಪಾಸು. ಆಗದ ಕೆಲಸ ಎಂದವರು ಮೂವರು. ಅವರಲ್ಲೊಬ್ಬರು ನಮ್ಮದೇ ಕಾಲೇಜಿನ ಭೌತಶಾಸ್ತ್ರದ ಮೇಷ್ಟರು. ಬರೆಯುವ ಹುಮ್ಮಸ್ಸು ಬಂದದ್ದೂ ಅದಕ್ಕೇ.

ಪಿಯುಸಿಗೆ ಜೀವಶಾಸ್ತ್ರ ಪಾಠ ಮಾಡುವವರಿಗೆ ನರಕೋಶದ ವಿಶ್ರಾಂತಿಯ ಮಟ್ಟ ಮೈನಸ್ 70, ಅದು ಹೊಡೆಯುವ ಹೊಸ್ತಿಲು ಮೈನಸ್ 55 ಮಿಲಿವೋಲ್ಟ್ ಎಂಬ ಕಥೆ ಹೇಳಬೇಕಾಗಿಲ್ಲ. ನಾನೂ ವರ್ಷಗಟ್ಟಲೆ ಹಲಗೆಯ ಮೇಲೆ ಎರಡು ಸಂಕೇತಗಳ ಗುಡ್ಡ ಬರೆದು, ಒಂದರ ಮೇಲೊಂದು ಕೂರಿಸಿ, ಹೊಸ್ತಿಲಿನ ಚುಕ್ಕಿಗೆರೆ ದಾಟಿಸಿ, "ಇದೇ ಸಂಕಲನ" ಎಂದು ಮುಗಿಸುತ್ತಿದ್ದೆ. ಒಂದು ದಿನ ಹಿಂದಿನ ಬೆಂಚಿನ ಹುಡುಗಿ ಕೇಳಿದಳು: "ಮೇಡಂ, ಯಾವ ಸಿನಾಪ್ಸ್ (ನರಕೋಶಗಳು ಕೂಡುವ ಜಾಗ) ಮೊದಲು, ಯಾವುದು ಆಮೇಲೆ ಎನ್ನುವುದು ಲೆಕ್ಕಕ್ಕೆ ಬರುವುದಿಲ್ಲವೇ?" ಬರುವುದಿಲ್ಲ ಎಂದುಬಿಟ್ಟೆ. ರಾತ್ರಿ ಪಾತ್ರೆ ತೊಳೆಯುವಾಗ ಅನುಮಾನ ಹತ್ತಿತು. ಹುಡುಕಿದರೆ ನರವಿಜ್ಞಾನಿ ವಿಲ್ಫ್ರಿಡ್ ರಾಲ್ 1964ರಲ್ಲೇ ಡೆಂಡ್ರೈಟನ್ನು (ನರಕೋಶದ ಸಂಕೇತ ಪಡೆಯುವ ಕೊಂಬೆ) ಹತ್ತು ತುಂಡು ಮಾಡಿ ಲೆಕ್ಕ ಹಾಕಿ ತೋರಿಸಿದ್ದರು. ತುದಿಯಿಂದ ಕೋಶಕಾಯದ ಕಡೆಗೆ ಸಾಲಾಗಿ ಬಂದ ಸಂಕೇತಗಳು ಎತ್ತರದ ಅಲೆ ಎಬ್ಬಿಸುತ್ತವೆ. ಕೋಶಕಾಯದಿಂದ ತುದಿಯ ಕಡೆಗೆ ಹೋದರೆ ಅಲೆ ತಗ್ಗು. ಮಗುವಿಗೆ ತಪ್ಪು ಹೇಳಿದ್ದೆ. ಬಾಯಲ್ಲಿ ತಿದ್ದಿದರೆ ಸಾಲದು, ಕಟ್ಟಿಯೇ ತೋರಿಸೋಣ ಎಂದುಕೊಂಡೆ.

ಮೇಷ್ಟರಿಗೆ ಹೇಳಿದಾಗ ಅವರು ನಕ್ಕರು. "ಮೇಡಂ, ಎರಡಕ್ಕೆ ಮೂರು ಕೂಡಿದರೂ ಐದು, ಮೂರಕ್ಕೆ ಎರಡು ಕೂಡಿದರೂ ಐದು. ನಿಮ್ಮ ಸರ್ಕ್ಯೂಟಿನಲ್ಲಿ ಇರುವುದು ರೆಸಿಸ್ಟರ್, ಕೆಪಾಸಿಟರ್. ಅವಕ್ಕೆ ಹಿಂದು ಮುಂದು ಗೊತ್ತಾಗುತ್ತದೆಯೇ?" ಒಂದು ತಿಂಗಳ ಕಾಫಿ ಪಣಕ್ಕಿಟ್ಟೆವು.

ನನ್ನ ಅಳತೆ ಸರಳ. ಎಲ್ಲವೂ ನೂರು ಪಟ್ಟು ದೊಡ್ಡದು, ನೂರು ಪಟ್ಟು ನಿಧಾನ. ಹೊಸ್ತಿಲಿಗೆ 15 ಮಿಲಿವೋಲ್ಟಿನ ಬದಲು 1.5 ವೋಲ್ಟ್. ಪೊರೆಯ ಕಾಲಾಂಕ (ಚಾರ್ಜ್ ಸೋರಲು ಹಿಡಿಯುವ ಹೊತ್ತಿನ ಅಳತೆ) 10 ಮಿಲಿಸೆಕೆಂಡಿನ ಬದಲು ಒಂದು ಸೆಕೆಂಡ್, ಅಂದರೆ 10 ಮೈಕ್ರೋಫ್ಯಾರಡ್ ಕೆಪಾಸಿಟರಿನ ಪಕ್ಕಕ್ಕೆ 100 ಕಿಲೋ ಓಮ್. ಇಂಥ ಐದು ಕೋಣೆಗಳು, ನಡುನಡುವೆ 10 ಕಿಲೋ ಓಮ್. ಎಡತುದಿಯ ಕೋಣೆಯೇ ಕೋಶಕಾಯ. ಅದರ ಮೇಲೆ ಎರಡು ವೋಲ್ಟೇಜ್ ಹೋಲಿಸುವ ಎಲ್‌ಎಂ 393 ಚಿಪ್ಪಿನ ಕಾವಲು. ಹೊಸ್ತಿಲು ದಾಟಿದರೆ ಒಂದು 555 ಟೈಮರ್ ಚಿಪ್ ಬಜರ್ ಬಡಿಯುತ್ತದೆ, ಕೋಶಕಾಯವನ್ನು ಸೊನ್ನೆಗೂ ಇಳಿಸುತ್ತದೆ. ಹೊಸ್ತಿಲನ್ನು ಎಷ್ಟೇ ಜೋರಾಗಿ ದಾಟಿದರೂ ಟಿಕ್ ಮಾತ್ರ ಅದೇ ಗಾತ್ರದ್ದು.

ಕಾಗದದ ಮೇಲೆ ಒಂದು ಸಂಜೆಯ ಕೆಲಸ. ಬೋರ್ಡಿನ ಮೇಲೆ ಮೊದಲ ದಿನವೇ ಒಂದೇ ಗುಂಡಿ ಒತ್ತಿದರೂ ಟಿಕ್, ಟಿಕ್. ಒಂದು ಸಂಕೇತಕ್ಕೇ ಹೊಡೆಯುವ ನರಕೋಶದಿಂದ ಸಂಕಲನ ಕಲಿಸುವುದು ಹೇಗೆ? ಹೊಸ್ತಿಲು ಏರಿಸಿದೆ, ರೆಸಿಸ್ಟರ್ ಬದಲಿಸಿದೆ, ಎರಡು ವಾರ ಹೋಯಿತು. ಕೊನೆಗೆ ತಿಳಿದದ್ದು ಗುಂಡಿಯ ಕುಣಿತ. ನಾವು ಒಮ್ಮೆ ಒತ್ತಿದರೆ ಒಳಗಿನ ತಗಡು ನಾಲ್ಕೈದು ಸಲ ತಾಗಿ ಬಿಡುತ್ತದೆ, ಪ್ರತಿ ತಾಗುವಿಕೆಯೂ ಒಂದು ಪಲ್ಸ್. ನನ್ನ ಬೋರ್ಡು ಕಾಲ ಸಂಕಲನವನ್ನು (ಒಂದರ ಹಿಂದೊಂದು ಬಂದವನ್ನು ಕೂಡಿಸುವುದು) ಅಚ್ಚುಕಟ್ಟಾಗಿಯೇ ಮಾಡುತ್ತಿತ್ತು, ಪೆದ್ದಿ ನಾನು.

ಮುಂದಿನದು ಇನ್ನೂ ಕೆಟ್ಟದ್ದು. ಮನೆಯಲ್ಲಿದ್ದ ಹಳೆಯ ಮುಳ್ಳಿನ ಮೀಟರನ್ನು ಕೋಶಕಾಯಕ್ಕೆ ಕಚ್ಚಿಸಿ ನೋಡಿದರೆ ಹೊಡೆಯುವುದಿಲ್ಲ; ತೆಗೆದು ಅತ್ತ ತಿರುಗಿದರೆ ಹೊಡೆಯುತ್ತದೆ. ಮದುವೆಗೆ ಹೆಣ್ಣು ನೋಡಲು ಬಂದವರ ಎದುರಿನಂತೆ ನಾಚಿಕೆ. ಆ ಮೀಟರು ವೋಲ್ಟಿಗೆ 20 ಕಿಲೋ ಓಮಿನದು; 2.5 ವೋಲ್ಟಿನ ಅಳತೆಯಲ್ಲಿ ಅದೇ 50 ಕಿಲೋ ಓಮಿನ ತೂತು. ನನ್ನ ನರಕೋಶದ ಪೊರೆಗಿಂತ ಎರಡರಷ್ಟು ಸೋರಿಕೆ. ನಡುವೆ ಕರೆಂಟ್ ಎಳೆಯದೆ ವೋಲ್ಟೇಜನ್ನು ನಕಲಿಸುವ ಎಲ್‌ಎಂ 358ರ ಬಫರ್ ಹಾಕಿದ ಮೇಲೆ ಸರಿಹೋಯಿತು. ಆಮೇಲೆ ರೇಗಿ ಕಿಟ್ ರೂಪದ ಪುಟ್ಟ ಆಸಿಲೋಸ್ಕೋಪನ್ನೂ ತರಿಸಿದೆ, ಸುಮಾರು 1,800 ರೂಪಾಯಿ. ಮನೆಯವರಿಗೆ ಒಂಬೈನೂರು ಎಂದಿದ್ದೇನೆ.

ಒತ್ತದೆ ಸುಮ್ಮನಿದ್ದ ಗುಂಡಿಗಳೂ ಚಾರ್ಜನ್ನು ಕುಡಿಯುತ್ತಿದ್ದವು. ಪ್ರತಿಯೊಂದಕ್ಕೂ ಒಂದು 1ಎನ್4148 ಡಯೋಡ್ ಹಾಕಿ ಒಮ್ಮುಖ ಮಾಡಿದೆ. ಕೆಪಾಸಿಟರುಗಳ ಮೇಲೆ 10 ಎಂದು ಬರೆದಿರುತ್ತದೆ, ಒಳಗೆ ಎಂಟೂ ಇರಬಹುದು ಹನ್ನೆರಡೂ ಇರಬಹುದು. ಬೆಂಗಳೂರಿನ ಎಸ್.ಪಿ. ರಸ್ತೆಯಿಂದ ನಲವತ್ತು ತಂದು, ಅಕ್ಕಿಯಲ್ಲಿ ಕಲ್ಲು ಆರಿಸುವಂತೆ ಅಳೆದು ಐದನ್ನು ಆರಿಸಿದೆ.

ಕೈಯಲ್ಲಿ ಒತ್ತಿದರೆ ವೇಗ ಒಂದೇ ಸಮ ಬರುವುದಿಲ್ಲ, ಹಾರ್ಮೋನಿಯಂ ಕಲಿತ ನನ್ನ ಬೆರಳಿಗೂ. ಆದ್ದರಿಂದ ಗಣೇಶನ ಪೆಂಡಾಲಿನಲ್ಲಿ ಓಡುವ ದೀಪಗಳಿಗೆ ಬಳಸುವ 555 ಮತ್ತು 4017 ಚಿಪ್ಪುಗಳ ಜೋಡಿಯನ್ನೇ ತಂದು ಗುಂಡಿಗಳ ಬದಲು ಕೂರಿಸಿದೆ. ತಂತಿಯ ಕನೆಕ್ಟರನ್ನು ತಿರುಗಿಸಿ ಚುಚ್ಚಿದರೆ ಕ್ರಮ ತಿರುಗುಮುರುಗು. ಇಲ್ಲಿಯೇ ಮಜಾ ಇರುವುದು. ಪಲ್ಸುಗಳ ನಡುವಿನ ಅಂತರ ತೀರಾ ಕಡಿಮೆಯಾದರೆ ಐದೂ ಒಟ್ಟಿಗೆ ಬಂದಂತಾಗಿ ಎರಡೂ ದಿಕ್ಕಿಗೆ ಹೊಡೆಯುತ್ತದೆ. ಎರಡು ಸೆಕೆಂಡಿಗೆ ಒಂದರಂತೆ ಬಿಟ್ಟರೆ ಹಿಂದಿನದು ಸೋರಿಹೋದ ಮೇಲೆ ಮುಂದಿನದು ಬರುತ್ತದೆ, ಯಾವ ದಿಕ್ಕಿಗೂ ಇಲ್ಲ. ನಡುವೆ ಒಂದು ಕಿರಿದಾದ ಜಾಗ ಇದೆ. ಅಲ್ಲಿ ತುದಿಯಿಂದ ಬಂದರೆ ಶಿಖರ 1.7 ವೋಲ್ಟಿನ ಹತ್ತಿರ, ಕೋಶಕಾಯದಿಂದ ಹೊರಟರೆ ಒಂದರ ಆಸುಪಾಸು. ಆ ಅಂತರ ಎಷ್ಟು ಮಿಲಿಸೆಕೆಂಡ್ ಎಂದು ಬರೆಯುವುದಿಲ್ಲ. ಪ್ರಿಸೆಟ್ (ತಿರುಗಿಸಿ ಬದಲಿಸುವ ರೆಸಿಸ್ಟರ್) ತಿರುಗಿಸಿ ನೀವೇ ಹಿಡಿಯಿರಿ, ನಾನು ಮೂರು ಭಾನುವಾರ ತಿರುಗಿಸಿದ್ದೇನೆ. ಐದೂ ಡಯೋಡುಗಳಿಂದ ಸರಿಸಮಾನ ಪಲ್ಸ್ ಬರುವಂತೆ ಮಾಡಿದ ಉಪಾಯವೂ ಸದ್ಯಕ್ಕೆ ನನ್ನಲ್ಲೇ ಇರಲಿ.

ಮೊದಲ ಪ್ರದರ್ಶನದಲ್ಲಿ ಮಾನ ಹೋಯಿತು. ಹೊಸ್ತಿಲನ್ನು ವೋಲ್ಟೇಜ್ ಕದಲದಂತೆ ಹಿಡಿಯುವ ಝೀನರ್ ಡಯೋಡಿನಿಂದ ಬಿಗಿ ಹಿಡಿದಿದ್ದೆ, ಪಲ್ಸನ್ನು ಮಾತ್ರ 9 ವೋಲ್ಟಿನ ಬ್ಯಾಟರಿಗೆ ಬಿಟ್ಟಿದ್ದೆ. ಬೆಳಿಗ್ಗೆಯಿಂದ ಆಡಿಸಿ ಬ್ಯಾಟರಿ ಏಳಕ್ಕೆ ಇಳಿದಿತ್ತು. ಇಪ್ಪತ್ತು ಜನ ಮೇಷ್ಟರುಗಳ ಎದುರು ಯಾವ ದಿಕ್ಕಿಗೂ ಟಿಕ್ ಇಲ್ಲ. "ನರಕೋಶಕ್ಕೆ ಪಾರ್ಶ್ವವಾಯು" ಎಂದರು ಯಾರೋ. ಮರುದಿನವೇ 12 ವೋಲ್ಟಿನ ಅಡಾಪ್ಟರಿಗೆ ಸ್ಥಿರವಾಗಿ 9 ವೋಲ್ಟ್ ಕೊಡುವ 7809 ಚಿಪ್ ಸೇರಿಸಿದೆ, ಅಡಾಪ್ಟರ್ ಬಿಟ್ಟರೆ ಹದಿನೈದು ರೂಪಾಯಿಯ ಕೆಲಸ.

ಎರಡನೆಯ ಸಲ ಭೌತಶಾಸ್ತ್ರದ ಮೇಷ್ಟರು ಟಿಕ್ ಕೇಳಿದವರೇ ಬೋರ್ಡು ಮಗುಚಿ ನೋಡಿದರು, ಕೆಳಗೆ ಆರ್ಡುಯಿನೋ ಎಂಬ ಪುಟ್ಟ ಕಂಪ್ಯೂಟರ್ ಬಚ್ಚಿಟ್ಟಿದ್ದೇನೆಯೇ ಎಂದು. ಇರಲಿಲ್ಲ. ಆಮೇಲೆ ಆಸಿಲೋಸ್ಕೋಪಿನಲ್ಲಿ ಕಂಡ ಎರಡೂ ದಿಕ್ಕಿನ ಗೆರೆಗಳನ್ನು ಗ್ರಾಫ್ ಹಾಳೆಗೆ ಇಳಿಸಿ ಚೌಕ ಎಣಿಸಿದರು. ಹೊಡೆದಾಗ ಗೆರೆ ಸೊನ್ನೆಗೆ ಬೀಳದಿರಲೆಂದು ಹೊಸ್ತಿಲನ್ನು ಮೊದಲೇ ಮೇಲಕ್ಕೆ ಏರಿಸಿದ್ದೆವು. ಗೆರೆಯ ಕೆಳಗಿನ ವಿಸ್ತೀರ್ಣ ಎರಡರಲ್ಲೂ ಹೆಚ್ಚುಕಡಿಮೆ ಒಂದೇ ಬಂತು. "ನೋಡಿ, ಮೊತ್ತ ಒಂದೇ" ಎಂದು ಗೆದ್ದವರಂತೆ ಹೇಳಿದರು. ಅವರ ಮಾತು ಸರಿ. ಆದರೆ ಹೊಸ್ತಿಲಿಗೆ ಮೊತ್ತ ಬೇಕಿಲ್ಲ, ಎತ್ತರ ಬೇಕು. ದೂರದ ಪಲ್ಸ್ ತಡವಾಗಿ ಬರುತ್ತದೆ. ಅದನ್ನು ಮೊದಲು ಹೊರಡಿಸಿದರೆ ಎಲ್ಲವೂ ಒಂದೇ ಹೊತ್ತಿಗೆ ಬಾಗಿಲಿಗೆ ಬಂದು ಸೇರುತ್ತವೆ. ಕಾಫಿಯ ಲೆಕ್ಕದಲ್ಲಿ ಹನ್ನೊಂದು ಲೋಟ ಬಂದಿದೆ, ಉಳಿದದ್ದು ಬಾಕಿ. ಜೀವಂತ ಕೋಶದಲ್ಲಿ ಇದು ಇಷ್ಟು ಸರಳವಲ್ಲ ಎಂಬುದು ಗೊತ್ತಿದೆ. 2010ರಲ್ಲಿ ಲಂಡನ್ನಿನಲ್ಲಿ ಮಿದುಳಿನ ತೊಗಟೆಯ ಕೋಶಗಳ ಒಂದೊಂದೇ ಡೆಂಡ್ರೈಟಿನಲ್ಲಿ ಈ ದಿಕ್ಕಿನ ಭೇದವನ್ನು ಕಂಡವರು, ಅಲ್ಲಿ ಸಿನಾಪ್ಸಿನ ಎನ್‌ಎಂಡಿಎ ಗ್ರಾಹಕಗಳೂ (ಸಂಕೇತದ ರಾಸಾಯನಿಕವನ್ನು ಹಿಡಿಯುವ ಪ್ರೋಟೀನುಗಳು) ಕೈಜೋಡಿಸುತ್ತವೆ ಎಂದಿದ್ದಾರೆ.

ಬೋರ್ಡಿನಲ್ಲಿ ಒಂದು ಕೆಂಪು ಗುಂಡಿಯೂ ಇದೆ, ತಡೆಯ ಸಿನಾಪ್ಸ್. ಟ್ರಾನ್ಸಿಸ್ಟರಿನ ಮೂಲಕ ಆ ಕೋಣೆಯನ್ನು 1 ಕಿಲೋ ಓಮಿನಿಂದ ವಿಶ್ರಾಂತಿಯ ಮಟ್ಟಕ್ಕೆ ಕಟ್ಟುತ್ತದೆ, ಅಷ್ಟೇ. ಒಂದನ್ನೇ ಒತ್ತಿದರೆ ಗೆರೆ ಅಲುಗಾಡುವುದೂ ಇಲ್ಲ. ಮಕ್ಕಳು "ಮೇಡಂ, ಇದು ಕೆಟ್ಟಿದೆ" ಎನ್ನುತ್ತಾರೆ. ಅದನ್ನು ಒತ್ತಿಹಿಡಿದು ಉಳಿದವನ್ನು ಓಡಿಸಿದಾಗ ಬಾಯಿ ಮುಚ್ಚುತ್ತಾರೆ. ಜಾಗವನ್ನೂ ಬದಲಿಸಿ ನೋಡಿದೆ: ಕೋಶಕಾಯದ ಪಕ್ಕದ ಕೋಣೆಯಲ್ಲಿ ಇಟ್ಟರೆ ತುದಿಯಿಂದ ಬಂದದ್ದೆಲ್ಲ ಅಲ್ಲೇ ಬಸಿದು ಹೋಗುತ್ತದೆ; ತುದಿಯಲ್ಲಿ ಇಟ್ಟರೆ ಹತ್ತಿರದ ಸಂಕೇತಕ್ಕೆ ಹೆಚ್ಚೇನೂ ಆಗುವುದಿಲ್ಲ. ನರವಿಜ್ಞಾನಿ ಜಾನ್ ಎಕ್ಲ್ಸ್ ಅವರ ತಂಡ 1951ರಲ್ಲಿ ಬೆಕ್ಕಿನ ಬೆನ್ನುಹುರಿಯಲ್ಲಿ ಕಂಡದ್ದು ವೋಲ್ಟೇಜನ್ನು ಕೆಳಕ್ಕೆ ಎಳೆಯುವ ತಡೆ. ನನ್ನದು ಸದ್ದಿಲ್ಲದ ಜಾತಿ. ಆ ಇನ್ನೊಂದನ್ನು ಮಾಡಲು ಹೋಗಿ ಮೈನಸ್ ವೋಲ್ಟೇಜಿಗೆ ಮೂರು ಕೆಪಾಸಿಟರ್ ಉಬ್ಬಿಸಿಕೊಂಡು ಕೈಬಿಟ್ಟೆ.

ಈಗಿನ ಹುಚ್ಚು ಬೇರೆ. ಗುಂಡಿಗಳ ಜಾಗದಲ್ಲಿ ಐದು ಎಲ್‌ಡಿಆರ್ (ಬೆಳಕಿಗೆ ತಕ್ಕಂತೆ ಬದಲಾಗುವ ರೆಸಿಸ್ಟರ್) ಇಟ್ಟು, ಮೇಲೆ ಅಂಗೈ ಸರಿಸಿದರೆ ಒಂದೇ ದಿಕ್ಕಿಗೆ ಟಿಕ್ ಎನ್ನುವಂತೆ ಮಾಡಿದ್ದೇನೆ. ಹಗಲು ಕಿಟಕಿಯ ಬೆಳಕಿನಲ್ಲಿ ಹತ್ತಕ್ಕೆ ಎಂಟು ಸಲ ಸರಿ. ಸಂಜೆ ಕತ್ತಲಾಗುತ್ತಿದ್ದಂತೆ ಎರಡೂ ಕಡೆಗೆ ಹೊಡೆಯಲು ತೊಡಗುತ್ತದೆ. ಮಬ್ಬು ಬೆಳಕಿನಲ್ಲಿ ಎಲ್‌ಡಿಆರ್ ಚೇತರಿಸಿಕೊಳ್ಳುವುದೇ ನಿಧಾನ, ನೆರಳು ದಾಟಿದ ಮೇಲೂ ಪಲ್ಸ್ ಎಳೆಯುತ್ತದೆ ಎಂಬ ಗುಮಾನಿ ನನ್ನದು. ಫೋಟೋಡಯೋಡ್ ಹತ್ತು ತರಿಸಿದ್ದೇನೆ, ನೂರೈವತ್ತೋ ನೂರೆಂಬತ್ತೋ ಆಯಿತು. ದಸರಾ ರಜೆಯಲ್ಲಿ ಬೆಸುಗೆ ಹಾಕುತ್ತೇನೆ.