ಕೊಲೆ ಕೇಸಿನಲ್ಲಿ ಕೊಟ್ಟ ಜಾಮೀನು ರದ್ದಾಗಿದ್ದು ಹೇಗೆ: ಕಲಬುರಗಿಯಿಂದ ನನ್ನ ಅನುಭವ

ಕೊಲೆ ಕೇಸಿನಲ್ಲಿ ಆರೋಪಿಗೆ ಜಾಮೀನು ಸಿಕ್ಕಿತು ಅಂದರೆ ಸತ್ತವರ ಮನೆಯವರು ಸೀದಾ ವಕೀಲರ ಕಚೇರಿಗೆ ಬರುತ್ತಾರೆ. "ಖೂನಿ ಮಾಡಿದಂವನ್ನ ಹ್ಯಾಂಗ ಬಿಟ್ರುರೀ ಸಾಹೇಬ್ರ? ರದ್ದ್ ಮಾಡಸ್ರಿ." ಕಲಬುರಗಿಯಲ್ಲಿ ಕ್ರಿಮಿನಲ್ ಕೇಸು ನಡೆಸುವ ನನಗೆ ಈ ಮಾತು ಹೊಸದಲ್ಲ, ಆದರೆ ಪ್ರತಿಸಲ ಉತ್ತರ ಹೇಳುವಾಗ ಕಷ್ಟವೇ ಆಗುತ್ತದೆ. ಯಾಕೆಂದರೆ ಅಪರಾಧ ಎಷ್ಟು ದೊಡ್ಡದು ಅನ್ನುವುದನ್ನು ಜಾಮೀನು ಕೊಡುವ ದಿನವೇ ಕೋರ್ಟು ನೋಡಿರುತ್ತದೆ. ಅದನ್ನೇ ಮತ್ತೆ ಹೇಳಿದರೆ ಜಾಮೀನು ರದ್ದಾಗುವುದಿಲ್ಲ.

ದಾರಿ ಎರಡಿವೆ. ಜಾಮೀನು ಕೊಟ್ಟ ಆದೇಶವೇ ತಪ್ಪು ಅಂತ ಮೇಲಿನ ಕೋರ್ಟಿಗೆ ಹೋಗುವುದು ಒಂದು. ನಟ ದರ್ಶನ್ ಆರೋಪಿಯಾಗಿರುವ ಕೊಲೆ ಕೇಸಿನಲ್ಲಿ ಆಗಿದ್ದು ಮುಖ್ಯವಾಗಿ ಇದೇ. ಹೈಕೋರ್ಟ್ 2024ರ ಡಿಸೆಂಬರ್‌ನಲ್ಲಿ ಕೊಟ್ಟ ಜಾಮೀನನ್ನು ಸುಪ್ರೀಂ ಕೋರ್ಟ್ 2025ರ ಆಗಸ್ಟ್ 14ರಂದು ರದ್ದು ಮಾಡಿತು. ವಿಚಾರಣೆ ಶುರುವಾಗುವ ಮೊದಲೇ ಸಾಕ್ಷಿಗಳ ಹೇಳಿಕೆಯನ್ನು ಜರಡಿ ಹಿಡಿದದ್ದು ಸರಿಯಲ್ಲ, ಅದು ವಿಚಾರಣಾ ಕೋರ್ಟಿನ ಕೆಲಸ ಎಂದಿತು. ಇದಕ್ಕೆ ಆರೋಪಿ ಹೊರಗೆ ಬಂದು ಏನಾದರೂ ಮಾಡಿರಲೇಬೇಕು ಅಂತಿಲ್ಲ. ಆದರೆ ಸೆಷನ್ಸ್ ಕೋರ್ಟು ತಾನೇ ಕೊಟ್ಟ ಆದೇಶ ತಪ್ಪಾಯಿತು ಅಂತ ತಾನೇ ತಿದ್ದಿಕೊಳ್ಳುವ ಹಾಗಿಲ್ಲ. ಅದಕ್ಕೆ ಹೈಕೋರ್ಟಿಗೆ ಹೋಗಬೇಕು. ನಮಗೆ 2008ರಲ್ಲಿ ಕಲಬುರಗಿಗೇ ಪೀಠ ಬಂದಿದ್ದರಿಂದ ಬೆಂಗಳೂರಿನ ಓಡಾಟ ತಪ್ಪಿದೆ.

ಇನ್ನೊಂದು ದಾರಿ, ಹೊರಗೆ ಬಂದ ಮೇಲೆ ಆರೋಪಿ ಏನು ಮಾಡಿದ ಅಂತ ತೋರಿಸುವುದು. ಸಾಕ್ಷಿಗಳನ್ನು ಹೆದರಿಸುವುದು, ಸಾಕ್ಷ್ಯ ಕೆಡಿಸುವುದು, ಷರತ್ತು ಮುರಿಯುವುದು, ತಲೆಮರೆಸಿಕೊಳ್ಳುವುದು, ಮತ್ತೆ ಅಂಥದ್ದೇ ಅಪರಾಧ ಮಾಡುವುದು. ಇಂಥದ್ದಿದ್ದರೆ ಬಿಎನ್‌ಎಸ್‌ಎಸ್, ಅಂದರೆ ಕ್ರಿಮಿನಲ್ ಕೇಸು ನಡೆಸುವ ಕ್ರಮದ ಹೊಸ ಕಾನೂನಿನ, 483(3)ನೇ ಕಲಮಿನ ಕೆಳಗೆ ಸೆಷನ್ಸ್ ಕೋರ್ಟಿನಲ್ಲೇ ಅರ್ಜಿ ಹಾಕಬಹುದು. ಹಳೆಯ ಸಿಆರ್‌ಪಿಸಿಯಲ್ಲಿ ಇದು 439(2) ಆಗಿತ್ತು. ನಾನು ಹೋಗಿದ್ದು ಈ ದಾರಿಯಲ್ಲಿ.

ಜೇವರ್ಗಿ ಕಡೆಯ ಒಂದು ಹಳ್ಳಿ. ಬದುವಿನ ಜಗಳದಲ್ಲಿ ಕೊಲೆ ಆಗಿತ್ತು. ಕಣ್ಣಾರೆ ಕಂಡವನು ಪಕ್ಕದ ಹೊಲದವನು ಒಬ್ಬನೇ. ಚಾರ್ಜ್‌ಶೀಟ್ ಆದ ಮೇಲೆ ಆರೋಪಿಗೆ ಸೆಷನ್ಸ್ ಕೋರ್ಟಿನಲ್ಲಿ ಜಾಮೀನು ಸಿಕ್ಕಿತು. ವಿಚಾರಣೆ ಮುಗಿಯುವವರೆಗೆ ತಾಲೂಕಿಗೆ ಕಾಲಿಡಬಾರದು, ಸಾಕ್ಷಿಗಳ ತಂಟೆಗೆ ಹೋಗಬಾರದು, ಪ್ರತಿ ಭಾನುವಾರ ಕಲಬುರಗಿಯ ಠಾಣೆಯಲ್ಲಿ ಸಹಿ ಹಾಕಬೇಕು ಅಂತ ಷರತ್ತು. ಸಹಿ ಅವನು ತಪ್ಪಿಸಲಿಲ್ಲ. ಆದರೆ ಊರ ಜಾತ್ರೆಗೆ ಬಂದ. ಸಾಕ್ಷಿಯ ಮನೆ ಎದುರಿನ ಕಟ್ಟೆಯ ಮೇಲೆ ಗೆಳೆಯರನ್ನು ಕೂಡಿಸಿಕೊಂಡು ಕೂತ. ಆಮೇಲೆ ಸಂಬಂಧಿಕನೊಬ್ಬನ ಕೈಲಿ ಮಾತು ಕಳಿಸಿದ: "ಕತ್ತಲಿತ್ತು, ಮುಖ ಕಾಣಲಿಲ್ಲ ಅಂತ ಹೇಳು, ಸಾಕು."

ಸತ್ತವನ ತಾಯಿ ಇದನ್ನು ನನಗೆ ಹೇಳಿದಾಗ ಅವರ ಕೈ ನಡುಗುತ್ತಿತ್ತು. ನಾನು ಮೊದಲು ಕೇಳಿದ್ದು, "ಅವ್ವಾ, ಯಾವತ್ತು? ಎಷ್ಟು ಹೊತ್ತಿಗೆ? ಯಾರ್ಯಾರು ನೋಡ್ಯಾರ?" ಅಂತ. ಕೇಳಲು ಕಲ್ಲು ಮನಸ್ಸಿನ ಮಾತಿನ ಹಾಗಿದೆ, ಆದರೆ ಇಡೀ ಅರ್ಜಿ ನಿಲ್ಲುವುದು ಇದರ ಮೇಲೆ. "ಆರೋಪಿ ಸಾಕ್ಷಿಗಳನ್ನು ಬೆದರಿಸುತ್ತಿದ್ದಾನೆ" ಅಂತ ಒಂದು ಸಾಲು ಬರೆದು ಹಾಕುವ ಅರ್ಜಿಗಳನ್ನು ನಾನು ಬಹಳ ನೋಡಿದ್ದೇನೆ. ತಾರೀಖಿಲ್ಲ, ಹೆಸರಿಲ್ಲ, ಅವತ್ತೇ ಕೊಟ್ಟ ದೂರಿಲ್ಲ. ಎದುರಿನ ವಕೀಲರು ಎರಡು ನಿಮಿಷದಲ್ಲಿ ಅದನ್ನು ಬೀಳಿಸುತ್ತಾರೆ.

ಸಾಕ್ಷಿಯನ್ನು ಅವತ್ತೇ ಠಾಣೆಗೆ ಕಳಿಸಿದೆ. ದೂರು ತೆಗೆದುಕೊಳ್ಳಲು ಹಿಂದೆಮುಂದೆ ನೋಡಿದರು, ದೂರು ಬಂದಿದೆ ಅಂತ ಬರೆದುಕೊಡುವ ಹಿಂಬರಹವನ್ನೂ ಕೊಡಲಿಲ್ಲ. ಅದೇ ದೂರನ್ನು ಸ್ಪೀಡ್ ಪೋಸ್ಟಿನಲ್ಲಿ ಎಸ್ಪಿಯವರಿಗೆ ಕಳಿಸಿದೆವು. ಕಾನೂನೇ ಆ ದಾರಿ ಕೊಟ್ಟಿದೆ, ಬಿಎನ್‌ಎಸ್‌ಎಸ್ 173(4). ಅಂಚೆ ಕಚೇರಿಯ ರಸೀದಿಯ ಮೇಲೆ ತಾರೀಖು ಬಿತ್ತಲ್ಲ, ಮುಂದೆ ನಮ್ಮನ್ನು ಕಾಪಾಡಿದ್ದು ಆ ಸಣ್ಣ ಚೀಟಿ. ಜಾತ್ರೆಯಲ್ಲಿ ಆರೋಪಿ ಕುಣಿಯುತ್ತಿದ್ದ ವಿಡಿಯೋ ಊರ ಹುಡುಗನೊಬ್ಬನ ಮೊಬೈಲಿನಲ್ಲಿತ್ತು. ವಾಟ್ಸ್ಆ್ಯಪ್‌ನಲ್ಲಿ ಹತ್ತು ಕಡೆ ಸುತ್ತಿ ಬಂದ ಕಾಪಿ ನನಗೆ ಬೇಡವಾಗಿತ್ತು. ತೆಗೆದವನ ಮೊಬೈಲನ್ನೇ ತರಿಸಿ, ಡಿಜಿಟಲ್ ಸಾಕ್ಷ್ಯಕ್ಕೆ ಬೇಕಾಗುವ, ಹೊಸ ಭಾರತೀಯ ಸಾಕ್ಷ್ಯ ಅಧಿನಿಯಮದ 63(4)ರ ಪ್ರಮಾಣಪತ್ರ ಮಾಡಿಸಿದೆ. ಈಗ ಅದರಲ್ಲಿ ಎರಡು ಭಾಗ, ಒಂದಕ್ಕೆ ಮೊಬೈಲಿನವನ ಸಹಿ, ಇನ್ನೊಂದಕ್ಕೆ ತಜ್ಞರ ಸಹಿ, ಫೈಲು ಬದಲಾಗಿಲ್ಲ ಅಂತ ತೋರಿಸುವ ಹ್ಯಾಶ್ ಸಂಖ್ಯೆಯೂ ಬೇಕು. ತಲೆನೋವಿನ ಕೆಲಸ ನಿಜ, ಆದರೆ ಇದನ್ನು ಬಿಟ್ಟರೆ ವಿಡಿಯೋ ಮೇಲೆ ಗಂಟೆಗಟ್ಟಲೆ ತಕರಾರು ನಡೆಯುತ್ತದೆ. ಕಟ್ಟೆಯ ಪಕ್ಕದ ಕಿರಾಣಿ ಅಂಗಡಿಯವರೂ ಕೊನೆಗೆ ಅಫಿಡವಿಟ್ ಕೊಟ್ಟರು. ಅವರ ಧೈರ್ಯವನ್ನು ನಾನು ಮರೆಯುವುದಿಲ್ಲ.

ಅರ್ಜಿ ಹಾಕುವ ಮೊದಲು ಪಿಪಿಯವರ, ಅಂದರೆ ಸರ್ಕಾರಿ ವಕೀಲರ, ಹತ್ತಿರ ಕೂತು ಎಲ್ಲಾ ಕಾಗದ ತೋರಿಸಿದೆ. ಕೇಸು ಸರ್ಕಾರದ್ದು, ಅವರು ಜೊತೆಗಿದ್ದರೆ ಬಲ ಜಾಸ್ತಿ. ಹಾಗಂತ ನೊಂದವರು ಬಾಯಿ ಮುಚ್ಚಿಕೊಂಡು ಇರಬೇಕಿಲ್ಲ. ಉತ್ತರ ಪ್ರದೇಶದಲ್ಲಿ ರೈತರ ಮೇಲೆ ವಾಹನ ಹರಿದ ಲಖೀಂಪುರ ಖೇರಿ ಕೇಸಿನಲ್ಲಿ 2022ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಜಾಮೀನು ರದ್ದು ಮಾಡುವಾಗ, ಪ್ರತಿ ಹಂತದಲ್ಲೂ ತಮ್ಮ ಮಾತು ಹೇಳುವ ಹಕ್ಕು ನೊಂದವರಿಗಿದೆ ಎಂದಿತು. ಎಸ್‌ಸಿ, ಎಸ್‌ಟಿ ದೌರ್ಜನ್ಯ ಕಾಯ್ದೆಯ ಕೇಸಾದರೆ 15ಎ ಕಲಮು ಇದನ್ನು ಬರೆದೇ ಕೊಟ್ಟಿದೆ.

ಎದುರಿನ ವಕೀಲರು ಸುಪ್ರೀಂ ಕೋರ್ಟಿನ ದೌಲತ್ ರಾಮ್ ತೀರ್ಪು ಹಿಡಿದುಕೊಂಡು ನಿಂತರು. ಜಾಮೀನು ನಿರಾಕರಿಸುವುದು ಬೇರೆ, ಕೊಟ್ಟದ್ದನ್ನು ಕಿತ್ತುಕೊಳ್ಳುವುದು ಬೇರೆ, ಅದಕ್ಕೆ ಬಹಳ ಗಟ್ಟಿಯಾದ ಕಾರಣ ಬೇಕು ಅಂತ. ಮಾತು ನಿಜ, ನಾನೂ ಆರೋಪಿ ಪರ ನಿಂತಾಗ ಅದನ್ನೇ ಹೇಳುತ್ತೇನೆ. ಒಬ್ಬನ ಸ್ವಾತಂತ್ರ್ಯ ಸುಮ್ನೆ ಕಿತ್ತುಕೊಳ್ಳಬಾರದು. ಬೆದರಿಕೆ ಸಂಶಯಾತೀತವಾಗಿ ಸಾಬೀತಾಗಿಲ್ಲ ಅಂತಲೂ ವಾದಿಸಿದರು. ಅದಕ್ಕೆ ನಾನು 1978ರ ಸಂಜಯ್ ಗಾಂಧಿ ಕೇಸಿನ ತೀರ್ಪು ಕೊಟ್ಟೆ. ಜಾಮೀನು ರದ್ದು ಮಾಡಲು ಆ ಮಟ್ಟದ ಸಾಬೀತು ಬೇಕಿಲ್ಲ, ಯಾವ ಕಡೆ ಸತ್ಯದ ತೂಕ ಹೆಚ್ಚಿದೆ ಅಂತ ನೋಡಿದರೆ ಸಾಕು. ಆದರೆ ಸಾಕ್ಷಿ ಉಲ್ಟಾ ಹೊಡೆದ ಅನ್ನುವುದಷ್ಟೇ ಸಾಲದು, ಅದರ ಹಿಂದೆ ಆರೋಪಿಯ ಕೈ ಇದೆ ಅಂತ ತೋರಿಸಬೇಕು ಅಂತಲೂ ಅದೇ ತೀರ್ಪಿನಲ್ಲಿದೆ. ದೂರು ಆಮೇಲೆ ಕೂತು ಕಟ್ಟಿದ್ದು ಎಂದಾಗ ಅಂಚೆಯ ರಸೀದಿ ಮುಂದಿಟ್ಟೆ. ಜಡ್ಜ್ ಅದನ್ನು ತಿರುಗಿಸಿ ತಿರುಗಿಸಿ ನೋಡಿದರು.

ಜಾಮೀನು ರದ್ದಾಯಿತು. ತಾಲೂಕಿಗೆ ಕಾಲಿಟ್ಟಿದ್ದಕ್ಕಿಂತ ಒಬ್ಬನೇ ಒಬ್ಬ ಕಣ್ಸಾಕ್ಷಿಯ ಮನೆ ಮುಂದೆ ಕೂತದ್ದು, ಮಾತು ಕಳಿಸಿದ್ದು ಆದೇಶದಲ್ಲಿ ದೊಡ್ಡದಾಗಿ ಬಂತು. ನನಗೂ ಅದು ಸರಿ ಅನ್ನಿಸಿತು. ಒಂದು ಭಾನುವಾರ ಸಹಿ ತಪ್ಪಿದ್ದಕ್ಕೆ ಯಾರನ್ನೂ ಮತ್ತೆ ಜೈಲಿಗೆ ಹಾಕಿ ಅಂತ ನಾನು ಕೇಳುವುದಿಲ್ಲ.

ಆರೋಪಿ ಒಳಗೆ ಹೋದರೂ ಅವನ ಕಡೆಯವರು ಊರಲ್ಲೇ ಇದ್ದರಲ್ಲ, ಅದಕ್ಕೆ 2018ರ ಸಾಕ್ಷಿ ರಕ್ಷಣಾ ಯೋಜನೆಯ ಕೆಳಗೆ ಬೇರೆ ಅರ್ಜಿಯನ್ನೂ ಹಾಕಿದೆ. ಅದನ್ನು ತೀರ್ಮಾನಿಸುವ ಸಮಿತಿಗೆ ಜಿಲ್ಲಾ ನ್ಯಾಯಾಧೀಶರೇ ಅಧ್ಯಕ್ಷರು. ಸಾಕ್ಷಿ ಕಟಕಟೆಗೆ ಬಂದು ಕಂಡದ್ದನ್ನು ಹೇಳಿದ. ಪಾಟೀ ಸವಾಲು ಮುಗಿದಿದೆ, ಈಗ ಪಂಚನಾಮೆಗೆ ಸಹಿ ಹಾಕಿದ ಪಂಚರ ಸಾಕ್ಷಿ ನಡೆಯುತ್ತಿದೆ.