ಇಂಗ್ಲಿಷ್ ಸಾಹಿತ್ಯ ಚರಿತ್ರೆ: ಉರು ಹೊಡೆಯದೆ ಓದುವುದು ಹೇಗೆ?

ಬಿಎನಲ್ಲಿ ಐಚ್ಛಿಕ ಇಂಗ್ಲಿಷ್ ತಗೊಂಡವರಿಗೆ, ಎಂಎ ಮಾಡುವವರಿಗೆ, ಕಾಲೇಜು ಅಧ್ಯಾಪಕರಾಗಲು ನೆಟ್, ಕೆಸೆಟ್ ಪರೀಕ್ಷೆ ಬರೆಯುವವರಿಗೆ ಸಾಹಿತ್ಯ ಚರಿತ್ರೆಯ ಪಠ್ಯಪುಸ್ತಕ ತಪ್ಪಿದ್ದಲ್ಲ. ತುಂಬಾ ಜನ ಅದನ್ನು ಮೊದಲ ಪುಟದಿಂದ ಓದಲು ಕೂರುತ್ತಾರೆ. 1066ಕ್ಕೆ ಹಿಂದಿನ ಆಂಗ್ಲೋ ಸ್ಯಾಕ್ಸನ್ ಕಾಲ ದಾಟುವುದರೊಳಗೆ ಬೇಜಾರಾಗಿ ಮುಚ್ಚಿಡುತ್ತಾರೆ. ಪರೀಕ್ಷೆ ಹತ್ತಿರ ಬಂದಾಗ ಹೆಸರು, ಇಸವಿ ಉರು ಹೊಡೆಯುತ್ತಾರೆ. ಇಷ್ಟು ಕಷ್ಟಪಡಬೇಕಾಗಿಲ್ಲ.

ಓದುವ ಮೊದಲು ಪುಸ್ತಕ ಯಾವಾಗ ಬರೆದದ್ದು ಅಂತ ನೋಡಿ. ಈಚಿನ ಮುದ್ರಣದ ವರ್ಷ ಅಲ್ಲ, ಮೊದಲು ಬಂದ ವರ್ಷ. ಕಾಲೇಜು ಲೈಬ್ರರಿಯಲ್ಲಿ ಸಿಗುವ ಕೆಲವು ಪುಸ್ತಕಗಳು ಬಹಳ ಹಳೆಯವು, ರಟ್ಟು ಮಾತ್ರ ಹೊಸದು. 1922ಕ್ಕೆ ಮೊದಲೇ ಬರೆದು ಮುಗಿಸಿದ ಪುಸ್ತಕದಲ್ಲಿ ಎಲಿಯಟ್‌ನ ‘ದಿ ವೇಸ್ಟ್ ಲ್ಯಾಂಡ್’ ಕಾವ್ಯ ಇರುವುದಿಲ್ಲ, ಜಾಯ್ಸ್‌ನ ‘ಯುಲಿಸಿಸ್’ ಕಾದಂಬರಿ ಕೂಡ ಇರುವುದಿಲ್ಲ, ಯಾಕೆಂದರೆ ಎರಡೂ ಪುಸ್ತಕವಾಗಿ ಬಂದದ್ದೇ ಆ ವರ್ಷ. ಹಾಗೇ ಕೊನೆಯ ಪದಸೂಚಿಯಲ್ಲಿ 17ನೇ ಶತಮಾನದ ಲೇಖಕಿ ಆಫ್ರಾ ಬೆನ್ ಹೆಸರು ಹುಡುಕಿ. ಬರೆದೇ ಬದುಕು ಸಾಗಿಸಿದ ಮೊದಲ ಇಂಗ್ಲಿಷ್ ಮಹಿಳೆಯರಲ್ಲಿ ಒಬ್ಬಳು ಆಕೆ. ಅವಳಿಗೆ ಎಷ್ಟು ಸಾಲು ಸಿಕ್ಕಿದೆ ನೋಡಿದರೆ ಲೇಖಕರು ಯಾರನ್ನು ಮುಖ್ಯ ಅಂದುಕೊಂಡಿದ್ದರು ಅಂತ ಗೊತ್ತಾಗುತ್ತದೆ.

ಆಮೇಲೆ ಒಂದು ಉದ್ದನೆಯ ಹಾಳೆ ತಗೊಂಡು ಗೆರೆ ಎಳೆಯಿರಿ. ಅದರ ಮೇಲೆ ಕೆಲವೇ ಇಸವಿ ಸಾಕು. 1066, ಫ್ರಾನ್ಸಿನ ಕಡೆಯಿಂದ ಬಂದ ನಾರ್ಮನ್ನರು ಇಂಗ್ಲೆಂಡ್ ಗೆದ್ದದ್ದು. 1476, ಕ್ಯಾಕ್ಸ್‌ಟನ್ ವೆಸ್ಟ್‌ಮಿನ್‌ಸ್ಟರ್‌ನಲ್ಲಿ ಇಂಗ್ಲೆಂಡಿನ ಮೊದಲ ಅಚ್ಚುಕೂಟ ಹಾಕಿದ್ದು. 1660, ರಾಜನಿಲ್ಲದ ಕೆಲವು ವರ್ಷಗಳ ನಂತರ ರಾಜರ ಆಳ್ವಿಕೆ ಮತ್ತೆ ಬಂದದ್ದು. 1798, ವರ್ಡ್ಸ್‌ವರ್ತ್ ಮತ್ತು ಕೋಲ್‌ರಿಜ್ ಸೇರಿ ‘ಲಿರಿಕಲ್ ಬ್ಯಾಲಡ್ಸ್’ ಕವನ ಸಂಕಲನ ತಂದದ್ದು. 1837ರಿಂದ 1901, ವಿಕ್ಟೋರಿಯಾ ರಾಣಿಯ ಕಾಲ. ಓದುತ್ತಾ ಹೋದಂತೆ ಉಳಿದ ಹೆಸರುಗಳನ್ನು ಇವುಗಳ ನಡುವೆ ಸೇರಿಸುತ್ತಾ ಹೋಗಿ.

ಈಗ ಅಧ್ಯಾಯಕ್ಕೆ ಬನ್ನಿ. ಪಠ್ಯಪುಸ್ತಕಗಳಲ್ಲಿ ದೇಶದ ಕಥೆ ಮೊದಲು, ಲೇಖಕರ ಕಥೆ ಆಮೇಲೆ, ಬೇರೆ ಬೇರೆಯಾಗಿ ಬರುವುದೇ ಜಾಸ್ತಿ. ಎರಡನ್ನೂ ಜೋಡಿಸುವ ಕೆಲಸ ನಮ್ಮದೇ, ಓದಿದ್ದು ತಲೆಯಲ್ಲಿ ನಿಲ್ಲುವುದೂ ಅಲ್ಲೇ. ಮಿಲ್ಟನ್‌ನನ್ನೇ ನೋಡಿ, ‘ಪ್ಯಾರಡೈಸ್ ಲಾಸ್ಟ್’ ಬರೆದ ಕವಿ. 1642ರಲ್ಲಿ ರಾಜನಿಗೂ ಪಾರ್ಲಿಮೆಂಟಿಗೂ ಯುದ್ಧ ಶುರುವಾಯಿತು, ಅದೇ ವರ್ಷ ಲಂಡನ್ನಿನ ನಾಟಕಶಾಲೆಗಳನ್ನು ಮುಚ್ಚಿಸಿದರು. 1649ರಲ್ಲಿ ರಾಜನ ತಲೆಯೇ ಹೋಯಿತು. ಮಿಲ್ಟನ್ ರಾಜನ ವಿರೋಧಿಗಳ ಕಡೆಯವನು, ಹೊಸ ಸರ್ಕಾರದಲ್ಲಿ ಲ್ಯಾಟಿನ್ ಪತ್ರ ಬರೆಯುವ ಕಾರ್ಯದರ್ಶಿ. 1652ರ ಹೊತ್ತಿಗೆ ಪೂರ್ತಿ ಕುರುಡನಾದ. 1660ರಲ್ಲಿ ಸತ್ತ ರಾಜನ ಮಗನೇ ಪಟ್ಟಕ್ಕೆ ಬಂದಾಗ ಮಿಲ್ಟನ್ ಸ್ವಲ್ಪ ಕಾಲ ಜೈಲಿನಲ್ಲೂ ಇರಬೇಕಾಯಿತು. ‘ಪ್ಯಾರಡೈಸ್ ಲಾಸ್ಟ್’ ಅಚ್ಚಾದದ್ದು 1667ರಲ್ಲಿ, ಹಸ್ತಪ್ರತಿ ಕೊಟ್ಟಾಗ ಕೈಗೆ ಬಂದದ್ದು ಐದು ಪೌಂಡು. ತನ್ನವರೆಲ್ಲ ಸೋತುಹೋದ ಮೇಲೆ, ಕಣ್ಣಿಲ್ಲದ ಮನುಷ್ಯ ಬಾಯಲ್ಲಿ ಹೇಳಿ ಬೇರೆಯವರ ಕೈಯಲ್ಲಿ ಬರೆಸಿದ ಕಾವ್ಯ ಸ್ವರ್ಗ ಕಳೆದುಕೊಂಡವರ ಬಗ್ಗೆ ಇದೆ ಅಂತ ಗೊತ್ತಾದ ಮೇಲೆ 1667 ಅನ್ನುವ ಇಸವಿ ಮರೆಯುವುದಾದರೂ ಹೇಗೆ, ಅಲ್ವಾ?

ಚರಿತ್ರೆಯ ಪುಸ್ತಕ ಒಂದನ್ನೇ ಓದಬೇಡಿ. ಪ್ರತಿ ಅಧ್ಯಾಯದ ಜೊತೆ ಆ ಕಾಲದ ಒಂದು ಪುಟವನ್ನಾದರೂ ಮೂಲದಲ್ಲೇ ಓದಿ. ಚಾಸರ್‌ಗೆ ‘ಕ್ಯಾಂಟರ್‌ಬರಿ ಟೇಲ್ಸ್’ನ ಮೊದಲ 18 ಸಾಲು ಸಾಕು, ಗಟ್ಟಿಯಾಗಿ ಓದಿ. ಹಳೆಯ ಕೃತಿಗಳಲ್ಲಿ ಬಹಳಷ್ಟು ಇಂಟರ್ನೆಟ್ಟಿನ ಪುಸ್ತಕ ಸಂಗ್ರಹವಾದ ಪ್ರಾಜೆಕ್ಟ್ ಗುಟೆನ್‌ಬರ್ಗ್‌ನಲ್ಲಿ ಪುಕ್ಕಟೆ ಸಿಗುತ್ತವೆ. ಕನ್ನಡದಲ್ಲಿ ಓದಿ ಬಂದವರಿಗೆ ಇನ್ನೊಂದು ಬಾಗಿಲೂ ತೆರೆದಿದೆ. ವಿಕ್ಟೋರಿಯಾ ಕಾಲದ ಅಧ್ಯಾಯದಲ್ಲಿ ಆಕ್ಸ್‌ಫರ್ಡ್ ಚಳವಳಿ (ಇಂಗ್ಲೆಂಡಿನ ಚರ್ಚನ್ನು ಹಳೆಯ ಸಂಪ್ರದಾಯದ ಕಡೆ ತಿರುಗಿಸಲು ಹೊರಟದ್ದು) ಅಂತ ಒಂದು ಒಣ ಭಾಗ ಬರುತ್ತದೆ, ಅಲ್ಲಿ ನ್ಯೂಮನ್ ಅನ್ನುವ ಪಾದ್ರಿಯ ಹೆಸರಿರುತ್ತದೆ. ಶಾಲೆಯಲ್ಲಿ ನಾವೆಲ್ಲ ಹಾಡಿದ ‘ಕರುಣಾಳು ಬಾ ಬೆಳಕೆ’ಯ ಮೂಲ ಆತನದೇ. 1833ರಲ್ಲಿ ಹಡಗಿನಲ್ಲಿ ಊರಿಗೆ ವಾಪಸ್ ಹೋಗುವಾಗ ಬರೆದದ್ದು, ಕನ್ನಡಕ್ಕೆ ತಂದವರು ಬಿ.ಎಂ.ಶ್ರೀ. ಎರಡನ್ನೂ ಪಕ್ಕದಲ್ಲಿಟ್ಟುಕೊಂಡು ಓದಿ.

ಇನ್ನೊಂದು ಮಾತು. ಪೆನ್ಸಿಲ್ ಹಿಡಿದು ಓದಿ, ನಡೆದ ಸಂಗತಿ ಯಾವುದು, ಲೇಖಕರ ಅಭಿಪ್ರಾಯ ಯಾವುದು ಅಂತ ಬೇರೆ ಬೇರೆ ಗುರುತು ಹಾಕಿ. ಕವಿ ಜಾನ್ ಡನ್ 1631ರಲ್ಲಿ ಸತ್ತದ್ದು ಸಂಗತಿ. ಅವನ ಹೋಲಿಕೆಗಳು ಎಳೆದು ತಂದವು ಅನ್ನುವುದು ಅಭಿಪ್ರಾಯ. 18ನೇ ಶತಮಾನದಲ್ಲಿ ವಿಮರ್ಶಕ ಡಾಕ್ಟರ್ ಜಾನ್ಸನ್ ಡನ್ ಮತ್ತು ಅವನಂಥ ಕವಿಗಳ ಬಗ್ಗೆ ಹಾಗೆ ಹೇಳಿದ್ದ. 1921ರಲ್ಲಿ ಎಲಿಯಟ್ ಅದೇ ಕವಿಗಳನ್ನು ಎತ್ತಿಹಿಡಿದ. ಅಭಿಪ್ರಾಯ ಬರೆಯುವಾಗ ಯಾರದ್ದು ಅಂತ ಹೇಳಿಯೇ ಬರೆಯಿರಿ.

ಅಧ್ಯಾಯ ಮುಗಿದ ಮೇಲೆ ಪುಸ್ತಕ ಮುಚ್ಚಿ, ನಿಮ್ಮದೇ ಮಾತಿನಲ್ಲಿ ಅರ್ಧ ಪುಟ ಬರೆಯಿರಿ. ಮೊದಲ ಸಲ ಕನ್ನಡದಲ್ಲೇ ಬರೆದರೂ ಪರವಾಗಿಲ್ಲ, ಆಮೇಲೆ ಇಂಗ್ಲಿಷಿನಲ್ಲಿ ಬರೆಯಿರಿ. ‘ಮಹಾನ್ ಕವಿ’, ‘ಯುಗಪ್ರವರ್ತಕ’ ಅಂತ ಸುಮ್ನೆ ಹೊಗಳಬೇಡಿ. ಅದರ ಬದಲು ಕೃತಿಯ ಹೆಸರು, ವರ್ಷ, ಅದರಿಂದ ಏನು ಬದಲಾಯಿತು ಅನ್ನುವುದನ್ನು ಬರೆಯಿರಿ. ಬಿಟ್ಟುಹೋದದ್ದನ್ನು ಪುಸ್ತಕ ತೆರೆದು ಕೆಂಪು ಶಾಯಿಯಲ್ಲಿ ಸೇರಿಸಿ. ಎರಡನೇ ಸಲ ಓದುವಾಗ ಆ ಕೆಂಪು ಸಾಲುಗಳನ್ನಷ್ಟೇ ನೋಡಿದರೆ ಸಾಕು.